ತಾಟು ಹಿಡಿದು ನಿಂತವನು

ಆ ಊರಿನಲ್ಲೂ ಒಬ್ಬ ಶ್ರೀಮಂತ ಇದ್ದ. ಅವನಿಲ್ಲದೆ ನಮ್ಮ ಪ್ರವಚನದ ದೃಷ್ಟಾಂತಗಳು ಶುರುವೇ ಆಗುವುದಿಲ್ಲ, ಏನು ಮಾಡೋಣ! ಆದರೆ ಇವತ್ತಿನ ಕಥೆ ಅವನದಲ್ಲ. ಕಥೆ ಒಬ್ಬ ನಟನದು.

ಎಂಥ ನಟ? ರಾಜನ ಪಾತ್ರವೇ? ಅಲ್ಲ. ಕಳ್ಳನ ಪಾತ್ರವೇ? ಅದೂ ಅಲ್ಲ. ನಾಟಕ ಕಂಪನಿಯಲ್ಲಿ ಮೀಸೆ ಮೂಡಿದಾಗಿನಿಂದ ಮುಪ್ಪಿನವರೆಗೆ ಅವನದು ಒಂದೇ ಪಾತ್ರ, ಆಳು. ರುಮಾಲು ಸುತ್ತಿ, ದೊಡ್ಡ ಮೀಸೆ ಅಂಟಿಸಿ, ತಾಟು ಹಿಡಿದು ನಿಲ್ಲಬೇಕು. ಒಡೆಯ ಬಂದು ತಾಟಿಗೆ ಕೈಹಾಕುವ ತನಕ ಅಲ್ಲಾಡಬಾರದು, ಅದು ಕಂಪನಿಯ ಕಟ್ಟಳೆ. ಅವನು ಬಾಯಿ ತೆರೆದರೆ ಸಾಕು, ಜನ ಬಿದ್ದುಬಿದ್ದು ನಗುತ್ತಿದ್ದರು. ಮನೆಗೆ ಹೋಗುವಾಗ ನಾಯಕನ ಹೆಸರು ಹೇಳುತ್ತಿದ್ದರು.

ಮುದುಕನಾದ ಮೇಲೆ ಹೇಗೋ ಒಂದು ಸನ್ಮಾನ ಬಂತು. ಜೀವನದಲ್ಲಿ ಮೊದಲನೆಯದು! ಗಂಡ ಒಮ್ಮೆಯಾದರೂ ವೇದಿಕೆಯ ಮೇಲೆ ಕುರ್ಚಿಯಲ್ಲಿ ಕೂತದ್ದನ್ನು ನೋಡಬೇಕೆಂದು ಹೆಂಡತಿ ಮಡಿಸಿಟ್ಟ ಇಳಕಲ್ ಸೀರೆ ಉಟ್ಟು ಬಂದಳು. ಅವಳಿಗೆ ಅಷ್ಟೇ ಆಸೆ.

ಮುದುಕ ವೇದಿಕೆಯ ಪಕ್ಕ ಕೈಮುಗಿದು ನಿಂತ. ರುಮಾಲಿಲ್ಲ, ಮೀಸೆಯಿಲ್ಲ, ಯಾರಿಗೆ ಗುರುತು? ಸನ್ಮಾನ ಸಮಿತಿಯವನೊಬ್ಬ ಓಡಿಬಂದ.

“ಏ ಯಜಮಾನಾ, ಸುಮ್ನ ಯಾಕ ನಿಂತೀ? ಈ ತಾಟು ಹಿಡಿ.”

“ಯಪ್ಪಾ, ನಾನು...”

“ಮಾತು ಸಾಕು! ಮ್ಯಾಲ ಹೋಗಿ ನಿಂದ್ರು!”

ತಾಟಿನಲ್ಲಿ ಏನಿತ್ತು ಗೊತ್ತೇ? ಶಾಲು, ಹಾರ, ಹಣ್ಣು. ಅವನದೇ ಸನ್ಮಾನ, ಅವನದೇ ಕೈಯಲ್ಲಿ! ಮೈಕಿನಲ್ಲಿ ಕೂಗಿದರು: “ಹಿರಿಯ ಕಲಾವಿದ ಗುರುಶಾಂತಪ್ಪನವರು ವೇದಿಕೆಗೆ ಬರಬೇಕು.” ಮುದುಕ “ಇಲ್ಲೇ ಅದೀನ್ರಿ” ಎಂದ. ಮೈಕಿನ ಗದ್ದಲದಲ್ಲಿ ಯಾರಿಗೆ ಕೇಳಬೇಕು? ತಾಟು ಕೆಳಗಿಡಲು ಅವನ ಕೈ ಬರಲಿಲ್ಲ. ಜೀವಮಾನದ ರೂಢಿ ನೋಡಿ, ಅಲ್ಲಾಡದೆ ನಿಂತ.

ಮೊದಲು ಹೇಳಿದೆನಲ್ಲ ಆ ಶ್ರೀಮಂತ, ಶಾಲು ಹೊದಿಸಲು ಬಂದು ಕೂತಿದ್ದ ಆ ಸಾಹುಕಾರ, ಮೈಕು ಕಸಿದುಕೊಂಡ. “ಕರದ್ರೂ ಬರಂಗಿಲ್ಲ ಅಂದ್ರ ಈ ಕಲಾವಿದರಿಗೆ ಎಷ್ಟು ಸೊಕ್ಕು ನೋಡ್ರಿ!” ಎಂದ. ತಂದ ಶಾಲು ವ್ಯರ್ಥವಾಗಬಾರದಲ್ಲ! ಸಮಿತಿಯವರು ಅದನ್ನು ಸಾಹುಕಾರನಿಗೇ ಹೊದಿಸಿದರು. ಜನ ಚಪ್ಪಾಳೆ ಹೊಡೆದರು. ಥೂ! ಅದಕ್ಕೂ ಚಪ್ಪಾಳೆ!

ಆಗ ಹೆಂಡತಿ ಎದ್ದು ನಿಂತಳು. ಮದುವೆಯಾದಂದಿನಿಂದ ಗಂಡನ ಹೆಸರನ್ನು ಬಾಯಿಬಿಟ್ಟು ಹೇಳದವಳು, ತುಂಬಿದ ಸಭೆಯಲ್ಲಿ ಕೂಗಿದಳು:

“ಗುರುಶಾಂತಪ್ಪ! ತಾಟು ಹಿಡದು ನಿಂತಾರಲ್ಲ, ಅವರೇ ಗುರುಶಾಂತಪ್ಪ! ನಿಮಗೇನ ಕಣ್ಣ ಕಾಣಂಗಿಲ್ಲೇನ್ರಿ?”

ಸಾಹುಕಾರ ಗಡಬಡಿಸಿ ಶಾಲು ತೆಗೆದು ಮುದುಕನಿಗೆ ಹೊದಿಸಲು ಹೋದ. ಅವಳು ಬಿಟ್ಟಳೇ? “ನಿಮ್ಮ ಮೈಮ್ಯಾಲಿಂದು ನಮಗ ಬ್ಯಾಡ್ರಿ” ಎಂದಳು. ಗಂಡನ ಕೈಯಿಂದ ತಾಟು ತೆಗೆದು ಸಾಹುಕಾರನ ಕೈಗಿಟ್ಟು, ಗಂಡನನ್ನು ಕರೆದುಕೊಂಡು ಮನೆಗೆ ನಡೆದಳು.

ನಗುತ್ತೀರಾ? ನಗಬೇಡಿ! ಈ ತಿಂಗಳೆಲ್ಲ ನಿಮಗಾಗಿ ಜಮಖಾನ ಹಾಸಿದವರ ಹೆಸರೇನು? ಹೊರಗೆ ನಿಮ್ಮ ಚಪ್ಪಲಿ ಕಾಯುವ ಅಜ್ಜನ ಹೆಸರೇನು? “ಏ ಇವನೇ”, “ಏ ಹಾಲು”, “ಏ ಕಸ” ಎಂದು ಕೂಗುತ್ತೀರಿ. ಅವರನ್ನೇನು ಹೆಸರಿಲ್ಲದೆ ತೊಟ್ಟಿಲಿಗೆ ಹಾಕಿದ್ದರೇ? ನಾಳೆ ಬೆಳಿಗ್ಗೆ ಬಾಗಿಲಿಗೆ ಬಂದವರ ಹೆಸರು ಕೇಳಿ. ನಾಡಿದ್ದು ಆ ಹೆಸರು ಹಿಡಿದು ಕರೆಯಿರಿ. ಅಷ್ಟೂ ಆಗದಿದ್ದರೆ ಪ್ರವಚನಕ್ಕೆ ಬಂದು ಕೂತು ಕಾಲು ನೋಯಿಸಿಕೊಳ್ಳಬೇಡಿ.

ಇವತ್ತು ನನಗೂ ಶಾಲು ಹೊದಿಸುವವರಿದ್ದೀರಿ. ತಾಟು ಹಿಡಿದು ಆ ಕಂಬದ ಹತ್ತಿರ ಒಬ್ಬ ತಾಯಿ ಆಗಿನಿಂದ ನಿಂತಿದ್ದಾಳೆ. ಅವಳ ಹೆಸರು ಹೇಳಿ, ಆಮೇಲೆ ಶಾಲು ಮುಟ್ಟಿ.