ಗಂಟಲು ಕಟ್ಟಿದೆ

ಬಸ್ ನಿಲ್ದಾಣದ ಬೆಂಚಿನಲ್ಲಿ ನನ್ನ ಪಕ್ಕ ತಾಯಿ ಮಗಳು ಬಂದು ಕೂತರು. ಗಂಡಿನ ಮನೆಯಿಂದ ಬರುತ್ತಿದ್ದರೆಂದು ಮಾತಿನಲ್ಲೇ ಗೊತ್ತಾಯಿತು.

“ಗಂಟಲು ಹೇಗಿದೆ ಅಂತ ನಿಮ್ಮತ್ತೆ ಆಗೋರು ಮತ್ತೆ ಮತ್ತೆ ಕೇಳಿದ್ರು ಕಣೆ.”

“ನಾನು ಒಳಗೆ ಹೋದಾಗ ನೀನು ಬಾಯಿ ಬಿಡಲಿಲ್ಲ ತಾನೇ?”

“ಬರೀ ತಲೆ ಆಡಿಸಿದೆ. ಗಂಟಲು ಕಟ್ಟಿದೆ ಅಂತ ನೀನೇ ಹೇಳಿಟ್ಟಿದ್ಯಲ್ಲ.”

“ಅವರೆಲ್ಲ ಪುಸ್ತಕದ ಹಾಗೆ ಮಾತಾಡ್ತಾರಮ್ಮ. ನಿನ್ನ ಮಾತು ಕೇಳಿದ್ರೆ ನಾವು ಎಂಥ ಜನ ಅಂತ ಗೊತ್ತಾಗಿಬಿಡುತ್ತೆ.”

“ಪಾಪ, ಬಿಸಿನೀರು ತಂದುಕೊಟ್ಟು ಬೆನ್ನು ಸವರಿದ್ರು. ಕೆಮ್ಮು ಬರದಿದ್ರೂ ಕೆಮ್ಮಿದೆ. ಭೂಮಿಗಿಳಿದು ಹೋದೆ.”

ಮಗಳು ಚಪ್ಪಲಿಯ ತುದಿಯಿಂದ ನೆಲ ಗೀರಿದಳು.

“ಮದುವೆ ಆಗೋವರೆಗೆ ಅಷ್ಟೇ ಅಮ್ಮ.”

“ಆಮೇಲೆ ಮೊಮ್ಮಗು ಹುಟ್ಟಿದ್ರೆ? ಅದರ ಹತ್ತಿರ ಮಾತಾಡಬಹುದಾ?”

ಬಸ್ ಬಂತು. ಬಾಗಿಲಲ್ಲಿ ಕಂಡಕ್ಟರ್ “ಎಲ್ಲಿಗಮ್ಮ?” ಅಂದ. ತಾಯಿ ಬಾಯಿ ತೆರೆದವಳು, ಮಗಳ ಮುಖ ನೋಡಿ ಮುಚ್ಚಿಕೊಂಡಳು.