ಹಳೆಯ ಕ್ಯಾಮರಾ ಹೊತ್ತುಹೋದವರ ಗುರುತಿನ ಬಗ್ಗೆ

ಕಾರ್ಖಾನೆಯಲ್ಲಿ ನನ್ನನ್ನು ಎಲ್ಲರೂ ಕಣ್ಣಕ್ಕ ಎಂದು ಕರೆಯುತ್ತಾರೆ. ವಯಸ್ಸು 57 ವರ್ಷ. ಉದ್ಯೋಗ: ಕ್ಯಾಮರಾ ಕಾರ್ಖಾನೆಯಲ್ಲಿ ಚಿತ್ರದ ಗುಣಮಟ್ಟ ಪರೀಕ್ಷಕಿ. ವಾಸ: ಕಾರ್ಖಾನೆಯ ಹಿಂದಿನ ಓಣಿ, ಎರಡನೆಯ ಮನೆ, ಮೇಲಂತಸ್ತು. ಠಾಣೆಗೆ ನಾನಾಗಿಯೇ ಬಂದು ತನಿಖೆಯ ಅಧಿಕಾರಿಗಳಾದ ತಮಗೆ ಈ ಮೂಲಕ ತಿಳಿಸುವುದೇನೆಂದರೆ,

ಮಂಗಳವಾರ ಸಂಜೆ 4.20ಕ್ಕೆ ನಮ್ಮ ಉಗ್ರಾಣದಿಂದ ಹಳೆಯ ಕ್ಯಾಮರಾವೊಂದು ಕಾಣೆಯಾಯಿತು. ಅದು ಮೂವತ್ತೊಂದು ವರ್ಷಗಳ ಹಿಂದೆ ನಾವು ತಯಾರಿಸಿದ ಮೊದಲ ಹೈ-ಡೆಫಿನಿಷನ್ ಕ್ಯಾಮರಾ. ತೂಕ ನಾಲ್ಕೂವರೆ ಕಿಲೋ. ಬುಧವಾರ ಬೆಳಿಗ್ಗೆ 10.15ಕ್ಕೆ ತಾವು ಕಾರ್ಖಾನೆಗೆ ಬಂದು ಹಿಂಬಾಗಿಲ ಕಾವಲು ಕ್ಯಾಮರಾದ ದೃಶ್ಯವನ್ನು ನನಗೆ ತೋರಿಸಿದಿರಿ. ಕಾರ್ಖಾನೆಯ ನೀಲಿ ಕೋಟು ತೊಟ್ಟವರೊಬ್ಬರು ಅದನ್ನು ಎತ್ತಿಕೊಂಡು ಹೋಗುತ್ತಿದ್ದರು. ಅವರು ನಮ್ಮಲ್ಲಿ ಕಸ ಗುಡಿಸುವಾತನೇ ಎಂದು ಉಗ್ರಾಣದ ಮೇಲ್ವಿಚಾರಕರು ಕೋಟು ನೋಡಿ ಹೇಳಿದರು. ಚಿತ್ರ ಸ್ಪಷ್ಟವಾಗಿಯೇ ಇದೆಯಲ್ಲ ಎಂದು ತಾವು ಕೇಳಿದಿರಿ. ಹದಿನೆಂಟು ಮೀಟರ್ ದೂರದಲ್ಲಿ, ಅಷ್ಟು ಅಗಲ ನೋಟದ ಲೆನ್ಸಿನಲ್ಲಿ, ಮನುಷ್ಯನ ಮುಖಕ್ಕೆ ಸಿಗುವುದು ಒಂಬತ್ತು ಪಿಕ್ಸೆಲ್ ಚುಕ್ಕಿಯಷ್ಟೇ ಅಗಲ, ಎಷ್ಟು ಹಿಗ್ಗಿಸಿದರೂ ಚುಕ್ಕಿಗಳು ದೊಡ್ಡದಾಗುತ್ತವೆಯೇ ಹೊರತು ಮುಖ ಕಾಣುವುದಿಲ್ಲ ಎಂದು ನಾನು ಉತ್ತರಿಸಿದೆ. ಇದು ನಿಜ. ಆದರೆ ಪೂರ್ತಿ ನಿಜವಲ್ಲ.

ಆ ವ್ಯಕ್ತಿ ಮೆಟ್ಟಿಲ ಬಳಿ ಆರು ಸೆಕೆಂಡು ನಿಂತು, ಬಿಸಿಲು ಬೀಳದಂತೆ ತಾವು ಹೊತ್ತಿದ್ದ ಕ್ಯಾಮರಾದ ಲೆನ್ಸಿಗೆ ಅಂಗೈ ಅಡ್ಡ ಹಿಡಿದಿದ್ದರು. ಆ ಕೈಯನ್ನು ನಾನು ಗುರುತಿಸಿದೆ. ಹಾಗೆ ಹಿಡಿಯುವುದನ್ನು ಕೆಲಸಕ್ಕೆ ಸೇರಿದ ಮೊದಲ ದಿನ ನನಗೆ ಕಲಿಸಿದವರು ಗೆರೆ ಮೇಷ್ಟ್ರು. ಅವರು ಆ ಕ್ಯಾಮರಾದ ವಿನ್ಯಾಸಕಾರರು, ಈಗ ನಿವೃತ್ತರು, ವಯಸ್ಸು 79. ಪರೀಕ್ಷೆಯ ಹಾಳೆಯಲ್ಲಿ ಒಂದಕ್ಕೊಂದು ಹತ್ತಿರವಾಗುತ್ತ ಹೋಗುವ ಕಪ್ಪು ಗೆರೆಗಳು ಪರದೆಯ ಮೇಲೆ ಎಲ್ಲಿ ಕಲಸಿಹೋಗುತ್ತವೆ ಎಂದು ದಿನವಿಡೀ ನೋಡುತ್ತಿದ್ದುದರಿಂದ ಅವರಿಗೆ ಆ ಹೆಸರು. ಯಂತ್ರ ಅಳೆದ ಮೇಲೂ ನನ್ನನ್ನು ಕೂರಿಸಿ, ನಿನ್ನ ಕಣ್ಣು ಏನು ಹೇಳುತ್ತದೆ ಎಂದು ಕೇಳುತ್ತಿದ್ದರು. ಆ ಕ್ಯಾಮರಾದ ಸೆನ್ಸರ್ ಕಾದು ಚಿತ್ರದ ಕತ್ತಲ ಭಾಗಗಳಲ್ಲಿ ಕಾಳು ಕಾಳು ಕಂಡಾಗ, ಬಿಸಿ ಹೀರಲೆಂದು ತಾಮ್ರದ ತಗಡನ್ನು ತಾವೇ ಉಜ್ಜಿ ಕೂರಿಸಿದರು. ಹನ್ನೊಂದು ತಿಂಗಳಾದ ಮೇಲೆ ಮೊದಲ ಸಲ ಕಾಳಿಲ್ಲದ ಕಪ್ಪು ಮೂಡಿದ ದಿನ ನಾವಿಬ್ಬರೂ ಊಟವನ್ನೇ ಮರೆತಿದ್ದೆವು.

ಅವರ ಹೆಸರನ್ನು ಬುಧವಾರ ನಾನು ಹೇಳಲಿಲ್ಲ. ಇದು ನನ್ನ ತಪ್ಪು.

ಇಂದು ಗುರುವಾರ ಬೆಳಿಗ್ಗೆ 8ಕ್ಕೆ ಗುಡಿಸುವಾತನನ್ನು ಠಾಣೆಗೆ ಕರೆತಂದ ಸುದ್ದಿ ತಿಳಿಯಿತು. 8.40ಕ್ಕೆ ಮೇಷ್ಟ್ರ ಮನೆಗೆ ಹೋದೆ. ಕ್ಯಾಮರಾ ಮೇಜಿನ ಮೇಲಿತ್ತು. ಪರದೆಗೆ ಜೋಡಿಸಿ ಚಾಲೂ ಮಾಡಿದ್ದರು.

“ಬಾರಮ್ಮ, ಎದುರಿಗೆ ಕೂತ್ಕೋ. ಬಣ್ಣ ಇನ್ನೂ ಎಷ್ಟು ಚೆನ್ನಾಗಿ ಬರ್ತಿದೆ ನೋಡು” ಎಂದರು. ಪರದೆಯಲ್ಲಿ ನನ್ನ ನರೆಗೂದಲು ಒಂದೊಂದೂ ಬಿಡಿಬಿಡಿಯಾಗಿ ಕಂಡಿತು. ಆಗ ನನಗೆ ಅಳು ಬಂತು. ಕ್ಯಾಮರಾವನ್ನು ಗುಜರಿಗೆ ಹಾಕುತ್ತಾರೆಂದು ಕೇಳಿ, ತಮ್ಮ ಬಳಿಯೇ ಉಳಿದಿದ್ದ ಹಿಂಬಾಗಿಲ ಕೀಲಿಯಿಂದ ಒಳಹೋಗಿ ತಂದದ್ದಾಗಿ ಅವರು ಒಪ್ಪಿಕೊಂಡರು. ಅದಕ್ಕಾಗಿ ಬೇರೊಬ್ಬರು ಠಾಣೆಯಲ್ಲಿ ಕೂತಿದ್ದಾರೆಂದು ತಿಳಿಸಿದೆ. ಮೇಷ್ಟ್ರು ಕೂಡಲೇ ಚಪ್ಪಲಿ ಮೆಟ್ಟಿದರು. 9.25ಕ್ಕೆ ಇಬ್ಬರೂ ಕ್ಯಾಮರಾ ಸಮೇತ ಇಲ್ಲಿಗೆ ಬಂದೆವು.

ಠಾಣೆಯ ಬೆಂಚಿನ ಮೇಲಿದ್ದ ಗುಡಿಸುವಾತನ ಮುಂದೆ ಮೇಷ್ಟ್ರು ಕೈ ಮುಗಿದು ನಿಂತರು. ನಾನೂ ನಿಂತೆ. ಅವರು ಎದ್ದು ಮೇಷ್ಟ್ರ ಕೈಗಳನ್ನು ಕೆಳಗಿಳಿಸಿದರು.

“ದೊಡ್ಡೋರು ನೀವು, ಕೈ ಮುಗೀಬೇಡಿ. ಸಿಟ್ಟೇನಿಲ್ಲ. ಆದ್ರೆ ಬೆಳಿಗ್ಗೆ ಈ ಪೊಲೀಸ್ನೋರು ನನ್ನನ್ನ ಕರ್ಕೊಂಡು ಬರುವಾಗ ನನ್ನ ಮಗಳು ಬಾಗಿಲಲ್ಲೇ ನಿಂತಿದ್ಲು” ಎಂದರು.

ಕಾರ್ಖಾನೆಯ ವ್ಯವಸ್ಥಾಪಕರು ಫೋನಿನಲ್ಲಿ ದೂರು ಹಿಂಪಡೆಯುವುದಾಗಿ ತಿಳಿಸಿದ್ದಾರೆ. ಕ್ಯಾಮರಾ ಏನಾಗುವುದೆಂದು ಅವರು ಹೇಳಿಲ್ಲ, ಮೇಷ್ಟ್ರೂ ಕೇಳಲಿಲ್ಲ. ನನ್ನದೊಂದು ಕೋರಿಕೆ ಇದೆ. ಗುಡಿಸುವಾತನನ್ನು ಸುಮ್ಮನೆ ಬಿಟ್ಟು ಕಳುಹಿಸಬಾರದು. ಬೆಳಿಗ್ಗೆ ಕರೆತಂದ ಸಿಬ್ಬಂದಿಯೇ ಅದೇ ಸಮವಸ್ತ್ರದಲ್ಲಿ ಜೊತೆಗೆ ಹೋಗಿ, ಇವರು ಏನೂ ಮಾಡಿಲ್ಲವೆಂದು ಆ ಮಗುವಿಗೆ ಬಾಗಿಲಲ್ಲೇ ಹೇಳಬೇಕು. ನಾನೂ ಬರುತ್ತೇನೆ.

ಬರೆದದ್ದನ್ನು ನನಗೆ ಓದಿ ಹೇಳಲಾಗಿದೆ. ನಾನು ಕಂಡದ್ದು, ಮಾಡಿದ್ದು, ಮುಚ್ಚಿಟ್ಟದ್ದು ಎಲ್ಲವೂ ಇದರಲ್ಲಿದೆ, ಸುಳ್ಳಿಲ್ಲ.

ಸ್ಥಳ: ಠಾಣೆಯ ಮೇಲಂತಸ್ತಿನ ಕೋಣೆ
ದಿನಾಂಕ: 13, ಗುರುವಾರ, ಬೆಳಿಗ್ಗೆ 11.05
ಸಹಿ: (ಕಣ್ಣಕ್ಕ)