ಸಿನಿಮಾದ ಕನ್ನಡಿ ನೋಡಿದ ಅಂಬು

ನೋಡಿ, ಕಾಸರಗೋಡಿನ ತೆಂಕಣ ದಿಕ್ಕಿನ ಒಂದೂರಲ್ಲಿ ತೆಯ್ಯಂ, ಅಂದರೆ ದೈವದ ವೇಷ, ಕಟ್ಟುವ ಅಂಬು ಎಂಬವನಿದ್ದ. ದೈವದ ಕಿರೀಟವಾದ ಮುಡಿ ತಲೆಗೇರಿದ ಮೇಲೆ ಅವನ ಕೈಗೆ ಕನ್ನಡಿ ಕೊಡುತ್ತಾರೆ. ಅದರಲ್ಲಿ ಕಾಣುವುದು ಯಾರ ಮುಖ? ಅಂಬುವಿನದಲ್ಲ, ದೈವದ್ದು. ಅಲ್ಲಿಯವರ ನಂಬಿಕೆ ಹಾಗೆ.

ಮಲಯಾಳಂ ಸಿನಿಮಾದವರು ಆ ಊರ ಕಥೆ ಹುಡುಕಿಕೊಂಡು ಬಂದರು. ಅಂಬು ಒಪ್ಪಿ ವೇಷ ಕಟ್ಟಿದ. ಕನ್ನಡಿ ನೋಡುವ ದೃಶ್ಯವನ್ನು ನಿರ್ದೇಶಕ ಏಳು ಸಲ ತೆಗೆಸಿದ. ಅಂಬು ಏಳು ಸಲವೂ ನೋಡಿದ.

ಸಿನಿಮಾ ಬಂತು. ಟಾಕೀಸಿನಲ್ಲಿ ಅಂಬುವಿನ ಹಿಂದೆ ಕುಳಿತವರು ಪರದೆಗೆ ಕೈ ಮುಗಿದರು. ತಿರುಗಿ ನೋಡಿದ ಅಂಬು ದಿಗಿಲುಗೊಂಡ. ಹಾಗಾದರೆ ದೈವ ಬಂದಿತ್ತೇ? ಬಂದ ದೈವವನ್ನು ನಿರ್ದೇಶಕನ ‘ಇನ್ನೊಂದು ಸಲ’ ಎಂಬ ಮಾತಿಗೆ ನಿಲ್ಲಿಸಿಬಿಟ್ಟೆನೇ? ಎರಡು ತಿಂಗಳು ಅವನು ಇದನ್ನು ಯಾರಿಗೂ ಹೇಳಲಿಲ್ಲ, ಊಟವೂ ಸೇರಲಿಲ್ಲ. ವರ್ಷದ ತೆಯ್ಯಂ ಉತ್ಸವವಾದ ಕಳಿಯಾಟ ಹತ್ತಿರ ಬಂದಾಗ, ವೇಷ ಕಟ್ಟುವ ಹಕ್ಕಿನ ಗುರುತಾಗಿ ಅಪ್ಪನಿಂದ ಬಂದ ಪಟ್ಟದ ಬಳೆಯನ್ನು ಬಿಚ್ಚಿ, ದೈವ ನಡೆಸುವ ಮನೆತನವಾದ ತರವಾಡಿನ ಹಿರಿಯಳು ಚಿರುತೆಯಮ್ಮನ ಮುಂದಿಟ್ಟ.

“ಇನ್ನು ನನ್ನಿಂದಾಗದು, ಅಮ್ಮಾ,” ಎಂದು ನಡೆದದ್ದೆಲ್ಲ ಹೇಳಿದ.

“ಸಿನಿಮಾ ತೆಗೆದ ದಿನ ವ್ರತ ಹಿಡಿದಿದ್ದೆಯಾ?”

“ಇಲ್ಲ. ಬೆಳಿಗ್ಗೆ ಮೀನು ಸಾರು ಉಂಡಿದ್ದೆ.”

“ಕನ್ನಡಿ ನೋಡುವಾಗ ಮನಸ್ಸಲ್ಲಿ ಎಂತ ಇತ್ತು?”

“ಸೆಕೆಗೆ ಬಣ್ಣ ಇಳೀತದಾ ಅಂತ.”

ಚಿರುತೆಯಮ್ಮ ನಕ್ಕಳು. “ಮೀನು ತಿಂದು ಬಣ್ಣದ ಚಿಂತೆ ಮಾಡಿದವ ಅಂಬುವೇ ಮಾರಾಯ. ಕ್ಯಾಮರಾದವ ಕರೆದರೆ ಬರಲಿಕ್ಕೆ ದೈವ ಎಂತ ಅವನ ಆಳಾ?”

“ಮತ್ತೆ ಜನ ಕೈ ಮುಗಿದದ್ದು?”

“ತಮ್ಮ ಅಂಗಳದ ದೈವ ನೆನಪಾಯ್ತು, ಮುಗಿದರು. ಅಷ್ಟು ನೆನಪು ಮಾಡಿಸಿದರಲ್ಲ, ಸಿನಿಮಾದವರದ್ದು ಒಳ್ಳೆ ಕೆಲಸವೇ. ಬಳೆ ಹಾಕು.”

ಅಂಬು ಬಳೆ ಹಾಕಿಕೊಂಡ. ಎಷ್ಟೋ ದಿನಗಳ ಮೇಲೆ ಹಸಿವಾಯಿತು. ಆ ವರ್ಷವೂ ಅವನೇ ಮುಡಿ ಹೊತ್ತ.

ಈಗ ನಿಮ್ಮ ವಿಚಾರ. ಅಂಬು ಎರಡು ತಿಂಗಳು ಹೊತ್ತದ್ದು ಪಾಪವನ್ನೇ? ಅಲ್ಲ, ಕೇಳದೆ ಉಳಿದ ಒಂದು ಪ್ರಶ್ನೆಯನ್ನು. ನಾವೂ ಹೊತ್ತಿಲ್ಲವೇ? ಅತ್ತಿಗೆಗೆ ನನ್ನ ಮಾತು ನಾಟಿತೇನೋ, ಸತ್ತ ತಂದೆಗೆ ನಾನು ಮಾಡಿದ್ದು ಕಡಿಮೆಯಾಯಿತೇನೋ. ನಮಗೆ ನಾವೇ ಆರೋಪ ಹೊರಿಸಿ, ನಾವೇ ತೀರ್ಪು ಕೊಟ್ಟು, ಊಟ ಬಿಟ್ಟು ಕೂರುತ್ತೇವೆ. ಹಾಗೆ ಕೂರಬೇಡಿ. ತಿಳಿದವರೊಬ್ಬರು ಇದ್ದೇ ಇರುತ್ತಾರೆ. ಇವತ್ತು ಇಲ್ಲಿಂದ ಎದ್ದವರು ನೇರ ಮನೆಗೆ ಹೋಗಬೇಡಿ. ಮೊದಲು ಅವರ ಬಾಗಿಲು ತಟ್ಟಿ, ಕೇಳಿಬಿಡಿ. ತಪ್ಪಿದ್ದರೆ ತಿದ್ದಿಕೊಳ್ಳಿ, ಇಲ್ಲದಿದ್ದರೆ ಹೋಗಿ ಹೊಟ್ಟೆ ತುಂಬ ಉಣ್ಣಿ.